ಅಪ್‌ಡೇಟ್ ಒತ್ತಲು ಹೆದರುವ ಸರ್ವರ್

“ಮನೆಯಲ್ಲಿಡೋ ಸರ್ವರ್‌ಗೆ ಯಾರು ಸಾರ್ ದುಡ್ಡು ಕೊಟ್ಟು ಸಾಫ್ಟ್‌ವೇರ್ ಹಾಕಿಸ್ತಾರೆ? ಡಿಸ್ಕ್ ತಗೊಳ್ಳಿ, ಮಿಕ್ಕಿದ್ದೆಲ್ಲ ನಾವೇ ಹಾಕ್ಕೊಡ್ತೀವಿ.” ಬೆಂಗಳೂರಿನ ಎಸ್.ಪಿ. ರೋಡಿನಿಂದ ಹಿಡಿದು ತಾಲ್ಲೂಕು ಕೇಂದ್ರದ ಕಂಪ್ಯೂಟರ್ ಅಂಗಡಿಯವರೆಗೆ ಈ ಮಾತು ಕೇಳಿಬರದ ಜಾಗವಿಲ್ಲ. ಇದಕ್ಕೆ ಅಂಗಡಿಯವರನ್ನಷ್ಟೇ ದೂರುವುದು ಸರಿಯಲ್ಲ. ಕಚೇರಿಯಲ್ಲಿ ಲೈಸೆನ್ಸ್ ನಿಯಮವನ್ನು ಅಕ್ಷರಶಃ ಪಾಲಿಸುವ ಎಂಜಿನಿಯರುಗಳೂ ಮನೆಗೆ ಬಂದ ಮೇಲೆ ಇದೇ ರಾಗ ಹಾಡುತ್ತಾರೆ. ಮನೆಯ ಬಳಕೆ, ಲಾಭಕ್ಕಲ್ಲ. ಕಂಪನಿ ಅಮೆರಿಕದ್ದೋ ತೈವಾನಿನದ್ದೋ, ಅದಕ್ಕೇನೂ ನಷ್ಟವಾಗುವುದಿಲ್ಲ. ಕ್ರ್ಯಾಕ್ ಹಾಕಿ ಮೂರು ವರ್ಷವಾಯಿತು, ಏನೂ ಆಗಿಲ್ಲ. ಈ ಮೂರು ಮಾತು ಹೇಳಿದರೆ ವಾದ ಮುಗಿಯಿತು ಎಂಬ ಒಪ್ಪಂದ ನಮ್ಮಲ್ಲಿ ಏರ್ಪಟ್ಟುಬಿಟ್ಟಿದೆ.

ಈ ಒಪ್ಪಂದ ಪೂರ್ತಿ ತಪ್ಪು ಎನ್ನುವುದು ನನ್ನ ವಾದ. ನೀತಿಪಾಠ ಹೇಳುವುದು ನನ್ನ ಉದ್ದೇಶವಲ್ಲ. ಕಳ್ಳ ಸಾಫ್ಟ್‌ವೇರ್‌ನ ಪರ ಮಾತಾಡುವವರೂ ವಿರುದ್ಧ ಮಾತಾಡುವವರೂ ಸೇರಿ ಚರ್ಚೆಯನ್ನು ಕಂಪನಿಯ ನಷ್ಟದ ಸುತ್ತಲೇ ಗಿರಕಿ ಹೊಡೆಸಿದ್ದಾರೆ. ಕಂಪನಿಗೆ ಎಷ್ಟು ನಷ್ಟವಾಯಿತು ಎಂಬುದು ಕಂಪನಿಯ ಲೆಕ್ಕ. ನಾನು ಕೇಳುವುದು ಆ ಪೆಟ್ಟಿಗೆಯಲ್ಲಿ ತನ್ನ ಸರ್ವಸ್ವ ತುಂಬಿಟ್ಟ ಮನೆಯ ಲೆಕ್ಕ. ಮನೆಯಲ್ಲಿರುವ ಎಲ್ಲ ಯಂತ್ರಗಳ ಪೈಕಿ ಕಳ್ಳ ಪ್ರತಿಯನ್ನು ಹಾಕಲೇಬಾರದಂಥದ್ದು ಯಾವುದಾದರೂ ಇದ್ದರೆ ಅದು ಈ ಸರ್ವರ್.

ಹಾಲ್‌ನ ಮೂಲೆಯಲ್ಲಿ ರೌಟರ್ ಪಕ್ಕದಲ್ಲೋ, ಮೆಟ್ಟಿಲ ಕೆಳಗಿನ ಸಂದಿಯಲ್ಲೋ ಗುಂಯ್‌ಗುಡುತ್ತಿರುವ ಆ ಪೆಟ್ಟಿಗೆಯಲ್ಲಿ ಈಗ ಏನೇನು ಇದೆ ಎಂದು ಒಮ್ಮೆ ನೋಡಿ. 2021ರ ಜೂನ್ 1ರಿಂದ ಗೂಗಲ್ ಫೋಟೋಸ್‌ನ ಮಿತಿಯಿಲ್ಲದ ಉಚಿತ ಜಾಗ ನಿಂತುಹೋಯಿತು. ತಿಂಗಳು ತಿಂಗಳು ಬಾಡಿಗೆ ಕಟ್ಟುವುದಕ್ಕಿಂತ ಮನೆಯಲ್ಲೇ ಎರಡು ಡಿಸ್ಕ್ ಇಟ್ಟುಕೊಳ್ಳೋಣ ಎಂದು ಬಹಳ ಜನ ನಿರ್ಧರಿಸಿದರು. ಆ ನಿರ್ಧಾರ ನನಗೂ ಸರಿಯೆನಿಸುತ್ತದೆ. ಹಾಗೆ ಬಂದ ಸರ್ವರ್‌ನಲ್ಲಿ ಮನೆಮಂದಿಯ ಎಲ್ಲ ಫೋನಿನ ಫೋಟೋ, ಜಮೀನಿನ ಪಹಣಿ, ಸೈಟಿನ ಕ್ರಯಪತ್ರ, ಮಕ್ಕಳ ಮಾರ್ಕ್ಸ್‌ಕಾರ್ಡ್, ಆಧಾರ್, ಪಾಸ್‌ಪೋರ್ಟ್, ತೀರಿಕೊಂಡ ಅಪ್ಪನ ದನಿಯಿರುವ ವಾಟ್ಸಾಪ್ ಸಂದೇಶ ಎಲ್ಲವೂ ಇವೆ. ಊರಿನ ಫೋಟೋ ಸ್ಟುಡಿಯೋದವರಾದರೆ ಆಲ್ಬಮ್ ಇನ್ನೂ ಕೊಡಬೇಕಿರುವ ಮದುವೆಗಳ ಮೂಲ ಚಿತ್ರಗಳಿವೆ. ಕರಾವಳಿಯಲ್ಲಿ ತಾಳಮದ್ದಳೆಯ ಹಳೆಯ ಕ್ಯಾಸೆಟ್‌ಗಳನ್ನು ರಾತ್ರಿ ಕೂತು ಒಂದೊಂದಾಗಿ ಕಂಪ್ಯೂಟರಿಗೆ ಏರಿಸಿಟ್ಟ ಆಸಕ್ತರಿದ್ದಾರೆ. ಅಂಥ ಎಷ್ಟೋ ಪ್ರಸಂಗಗಳ ಪ್ರತಿ ಬೇರೆಲ್ಲೂ ಉಳಿದಿಲ್ಲ, ಕ್ಯಾಸೆಟ್ ಬೂಸ್ಟು ಹಿಡಿದು ಹೋಗಿದೆ. ಲ್ಯಾಪ್‌ಟಾಪ್ ಕೆಟ್ಟರೆ ಇನ್ನೊಂದು ಕೊಳ್ಳಬಹುದು. ಇಲ್ಲಿರುವುದನ್ನು ಎಲ್ಲಿಯೂ ಕೊಳ್ಳಲಾಗದು.

ಇಂಥ ಯಂತ್ರಕ್ಕೆ ಕಳ್ಳ ಸಾಫ್ಟ್‌ವೇರ್ ಹಲವು ದಾರಿಯಲ್ಲಿ ಬಂದು ಸೇರುತ್ತದೆ. ವಿಂಡೋಸ್ ಸರ್ವರ್ ಹಾಕಿ ಆಕ್ಟಿವೇಟರ್‌ನಿಂದ ಬೀಗ ಮುರಿಯುವುದು ಒಂದು. ಸಿನಾಲಜಿ ಕಂಪನಿ ತನ್ನ ಪೆಟ್ಟಿಗೆಗಳಿಗೆಂದೇ ಮಾಡಿದ ಡಿಎಸ್‌ಎಂ ಎಂಬ ವ್ಯವಸ್ಥೆಯನ್ನು ‘ಎಕ್ಸ್‌ಪಿನಾಲಜಿ’ ಎಂಬ ಹೆಸರಿನಲ್ಲಿ ಹಳೆಯ ಪಿಸಿಗೆ ಹತ್ತಿಸುವುದು ಇನ್ನೊಂದು. ಅನ್‌ರೇಡ್‌ನಂಥ ಸರ್ವರ್ ಸಾಫ್ಟ್‌ವೇರ್‌ನಲ್ಲಿ ಲೈಸೆನ್ಸ್ ಪೆನ್‌ಡ್ರೈವ್‌ನ ಗುರುತಿಗೆ ಅಂಟಿಕೊಂಡಿರುತ್ತದೆ. ಆ ತಪಾಸಣೆಯನ್ನು ತಪ್ಪಿಸುವ ತಿದ್ದಿದ ಫೈಲ್ ಹಾಕುವುದು ಮತ್ತೊಂದು. ಸರ್ವರ್ ಶುದ್ಧವಾಗಿದ್ದು, ಅದಕ್ಕೆ ಜೋಡಿಸಿದ ಪಿಸಿಯಲ್ಲಿ ಕ್ರ್ಯಾಕ್ ಮಾಡಿದ ಫೋಟೋಶಾಪ್, ಕೋರೆಲ್‌ಡ್ರಾ ಇರುವುದು ಎಲ್ಲಕ್ಕಿಂತ ಸಾಮಾನ್ಯ. ಪೆಟ್ಟು ಕೊನೆಗೆ ಬೀಳುವುದು ಸರ್ವರ್‌ನ ಮೇಲೆಯೇ, ಹಾಗಾಗಿ ನಾಲ್ಕನ್ನೂ ಒಟ್ಟಿಗೇ ನೋಡುತ್ತೇನೆ.

ಆಕ್ಟಿವೇಟರ್ ಹಾಕಿಕೊಳ್ಳುವ ಆ ಹತ್ತು ನಿಮಿಷದಲ್ಲಿ ಏನು ನಡೆಯುತ್ತದೆ ಎಂಬುದನ್ನು ಯಾರೂ ನಿಧಾನವಾಗಿ ನೋಡುವುದಿಲ್ಲ. ಫೈಲ್ ಇಳಿಯುತ್ತದೆ. ಅದು ಜಿಪ್ ಆಗಿರುತ್ತದೆ, ಜಿಪ್‌ಗೆ 1234 ಎಂಬಂಥ ಪಾಸ್‌ವರ್ಡ್ ಇರುತ್ತದೆ. ಗುಟ್ಟಿಗೆಂದು ಇಟ್ಟ ಪಾಸ್‌ವರ್ಡ್ ಆಗಿದ್ದರೆ ಪಕ್ಕದಲ್ಲೇ ಬರೆದು ಕೊಡುತ್ತಿರಲಿಲ್ಲ. ಬ್ರೌಸರ್ ಮತ್ತು ಆಂಟಿವೈರಸ್ ಒಳಗೆ ಇಣುಕದಿರಲಿ ಎಂಬುದೇ ಅದರ ಉದ್ದೇಶ. ಬಿಚ್ಚಿದರೆ ಒಂದು ಸೂಚನೆ: ಮೊದಲು ವಿಂಡೋಸ್‌ನದೇ ಆಂಟಿವೈರಸ್ ಆದ ಡಿಫೆಂಡರ್ ಆಫ್ ಮಾಡಿ, ನಂತರ ಅಡ್ಮಿನಿಸ್ಟ್ರೇಟರ್ ಆಗಿ ಚಾಲೂ ಮಾಡಿ. ಕಪ್ಪು ಕಿಟಕಿಯೊಂದು ತೆರೆದು ಹಸಿರು ಅಕ್ಷರದಲ್ಲಿ ನಾಲ್ಕು ಸಾಲು ಓಡಿ ಮುಚ್ಚಿಕೊಳ್ಳುತ್ತದೆ. ‘ಆಕ್ಟಿವೇಟೆಡ್’ ಎಂದು ಕಂಡ ಕೂಡಲೇ ನೆಮ್ಮದಿ. ಆ ನಾಲ್ಕು ಸಾಲಿನ ಮರೆಯಲ್ಲಿ ಇನ್ನೇನು ಓಡಿತು ಎಂದು ತಿಳಿಯುವ ದಾರಿಯೇ ಬಳಸುವವರಿಗಿಲ್ಲ. ಹೆಸರಿಲ್ಲದ, ವಿಳಾಸವಿಲ್ಲದ ಒಬ್ಬರಿಗೆ ಮನೆಯ ಅತಿ ಸೂಕ್ಷ್ಮ ಯಂತ್ರದ ಪರಮಾಧಿಕಾರವನ್ನು ಕೊಟ್ಟಾಗಿದೆ, ಅದೂ ಕಾವಲನ್ನು ತಾವೇ ಕೈಯಾರೆ ಎಬ್ಬಿಸಿ ಕಳಿಸಿದ ಮೇಲೆ.

“ಆಂಟಿವೈರಸ್‌ನಿಂದ ಸ್ಕ್ಯಾನ್ ಮಾಡಿದ್ದೇನಲ್ಲ” ಎನ್ನುವವರಿಗೆ ಒಂದು ಮಾತು. ಬಹುತೇಕ ಕ್ರ್ಯಾಕ್‌ಗಳನ್ನು ಒಳ್ಳೆಯ ಆಂಟಿವೈರಸ್ ಹ್ಯಾಕ್‌ಟೂಲ್ ಎಂದು ಹಿಡಿಯುತ್ತದೆ. ಹಿಡಿದಾಗಲೆಲ್ಲ “ಅದು ಹಾಗೇ ಅನ್ನುತ್ತೆ, ಅಲೋ ಕೊಡಿ” ಎಂದು ಅಂಗಡಿಯವರು ಹೇಳಿಕೊಟ್ಟಿರುತ್ತಾರೆ. ಹೀಗೆ ವರ್ಷಗಟ್ಟಲೆ ಎಚ್ಚರಿಕೆಯನ್ನು ಕಡೆಗಣಿಸಿ ಅಭ್ಯಾಸವಾದ ಕೈ ನಿಜವಾದ ವಿಷ ಬಂದ ದಿನವೂ ‘ಅಲೋ’ವನ್ನೇ ಒತ್ತುತ್ತದೆ. ಎಚ್ಚರಿಕೆ ಬರಲೇ ಇಲ್ಲ ಎಂದರೂ ಭರವಸೆಯಿಲ್ಲ. ಫೈಲಿಗೆ ನೂರಾರು ಎಂಬಿ ಹೊಟ್ಟು ತುಂಬಿ, ಸ್ಕ್ಯಾನರ್‌ಗಳು ಗಾತ್ರ ನೋಡಿಯೇ ಬಿಟ್ಟುಬಿಡುವಂತೆ ಮಾಡುವುದು ಈ ದಂಧೆಯಲ್ಲಿ ಮಾಮೂಲಿ. ಎಲ್ಲ ಕ್ರ್ಯಾಕ್‌ಗಳಲ್ಲೂ ವಿಷವಿದೆ ಎಂದು ನಾನು ಹೇಳುತ್ತಿಲ್ಲ. ಹಲವು ಕ್ರ್ಯಾಕ್‌ಗಳು ಹೇಳಿದ ಕೆಲಸವನ್ನಷ್ಟೇ ಮಾಡುತ್ತವೆ. ಯಾವುದು ಅಂಥದ್ದು, ಯಾವುದು ಅಲ್ಲ ಎಂದು ಬೇರ್ಪಡಿಸುವ ಸಾಧನ ಬಳಸುವವರ ಕೈಯಲ್ಲಿಲ್ಲ, ತೊಡಕು ಇರುವುದು ಅಲ್ಲಿ.

ಮುಂದಿನ ವಾದ: “ನಮ್ಮ ಮನೆಗೆ ಯಾರು ಬರುತ್ತಾರೆ? ನಾವೇನು ಬ್ಯಾಂಕೇ?” ಇದು ಎಷ್ಟು ಸಹಜವೆನಿಸುತ್ತದೋ ಅಷ್ಟೇ ಹುಸಿ. 2021ರ ಏಪ್ರಿಲ್‌ನಲ್ಲಿ ಕ್ಯೂಲಾಕರ್ ಎಂಬ ದಾಳಿ ಕ್ಯೂನ್ಯಾಪ್ ಕಂಪನಿಯ ಮನೆ-ಸಣ್ಣ ಕಚೇರಿ ಸರ್ವರ್‌ಗಳ ಮೇಲೆ ನಡೆಯಿತು. ಫೈಲ್‌ಗಳನ್ನು 7-ಜಿಪ್ ಎಂಬ ಸಾಮಾನ್ಯ ಉಚಿತ ಸಾಧನದಿಂದ ಪಾಸ್‌ವರ್ಡ್ ಹಾಕಿ ಕಟ್ಟಿಟ್ಟರು, ಬಿಡಿಸಲು 0.01 ಬಿಟ್‌ಕಾಯಿನ್ ಕೇಳಿದರು. ಆ ದಿನದ ದರದಲ್ಲಿ ಅದು ಸುಮಾರು 550 ಡಾಲರ್, ನಮ್ಮ ನಲವತ್ತು ಸಾವಿರ ರೂಪಾಯಿಯಷ್ಟು. ಐದೇ ದಿನದಲ್ಲಿ ಅವರು ಸುಮಾರು 2,60,000 ಡಾಲರ್ ಎತ್ತಿದರು. ನಲವತ್ತು ಸಾವಿರ ಎಂಬ ಮೊತ್ತವನ್ನು ಗಮನಿಸಿ. ಬ್ಯಾಂಕಿಗೆ ಇಡುವ ಬೆಲೆ ಅದಲ್ಲ. ಮಗಳ ಬಾಲ್ಯದ ಫೋಟೋಗಾಗಿ ಮಧ್ಯಮ ವರ್ಗದ ಸಂಸಾರವೊಂದು ಹಲ್ಲು ಕಚ್ಚಿ ಹೊಂದಿಸಬಲ್ಲ ಮೊತ್ತ ಅದು. 2022ರ ಜನವರಿಯಲ್ಲಿ ಕ್ಯೂನ್ಯಾಪ್ ಸರ್ವರ್‌ಗಳ ಮೇಲೆಯೇ ಬಂದ ಡೆಡ್‌ಬೋಲ್ಟ್ ಎಂಬ ದಾಳಿ 0.03 ಬಿಟ್‌ಕಾಯಿನ್ ಕೇಳಿತು. ಇಂಥ ದಾಳಿಯಲ್ಲಿ ಯಾರೂ ನಿಮ್ಮ ಮನೆಯ ವಿಳಾಸ ಹುಡುಕಿಕೊಂಡು ಬರುವುದಿಲ್ಲ. ಯಂತ್ರ ಯಂತ್ರವನ್ನು ಹುಡುಕುತ್ತದೆ, ಬಾಗಿಲು ತೆರೆದದ್ದು ಸಿಕ್ಕಿದಲ್ಲಿ ಒಳಗೆ ಹೋಗುತ್ತದೆ.

ಕ್ರ್ಯಾಕ್‌ಗೇ ನೇರ ಸಂಬಂಧಿಸಿದ್ದು ಬೇಕೆಂದರೆ ಸ್ಟಾಪ್ ಅಥವಾ ಡಿಜೆವು ಎಂದು ಕರೆಯುವ, ಫೈಲ್ ಲಾಕ್ ಮಾಡಿ ಹಣ ಕೇಳುವ ರಾನ್ಸಮ್‌ವೇರ್ ಕುಟುಂಬವಿದೆ. 2018ರ ಸುಮಾರಿಗೆ ಕಾಣಿಸಿಕೊಂಡ ಇದು ಹಬ್ಬಿದ್ದೇ ಕ್ರ್ಯಾಕ್, ಕೀಜೆನ್, ಆಕ್ಟಿವೇಟರ್‌ಗಳ ಮೂಲಕ. ಅದರ ಗುರಿ ಮನೆಯ ಬಳಕೆದಾರರೇ. ಓಡುವಾಗ ವಿಂಡೋಸ್ ಅಪ್‌ಡೇಟ್ ನಡೆಯುತ್ತಿದೆ ಎಂಬಂಥ ನಕಲಿ ಪರದೆ ತೋರಿಸಿ, ಹಿಂದೆ ಫೈಲ್‌ಗಳನ್ನು ಒಂದೊಂದಾಗಿ ಲಾಕ್ ಮಾಡುತ್ತದೆ. ಕೆಲಸ ಬೇಗ ಮುಗಿಯಲೆಂದು ಪ್ರತಿ ಫೈಲಿನ ಮೊದಲ 150 ಕೆಬಿಯಷ್ಟನ್ನು ಮಾತ್ರ ಕೆಡಿಸುತ್ತದೆ. ದೊಡ್ಡ ವಿಡಿಯೋ ಆಗಿದ್ದರೆ ತಜ್ಞರು ಅಷ್ಟಿಷ್ಟು ಉಳಿಸಿಕೊಟ್ಟಾರು. ಸ್ಕ್ಯಾನ್ ಮಾಡಿದ ಕ್ರಯಪತ್ರದಂಥ ಸಣ್ಣ ಫೈಲ್ ಇಡಿಯಾಗಿ ಹೋಗುತ್ತದೆ. ಕೊನೆಗೆ ಪ್ರತಿ ಫೋಲ್ಡರ್‌ನಲ್ಲೂ ಒಂದು ರೀಡ್‌ಮಿ ಚೀಟಿ: 980 ಡಾಲರ್ ಕೊಡಿ, 72 ಗಂಟೆಯೊಳಗೆ ಸಂಪರ್ಕಿಸಿದರೆ ಅರ್ಧ ರಿಯಾಯಿತಿ, 490. ಎಂಸಿಸಾಫ್ಟ್ ಎಂಬ ಭದ್ರತಾ ಸಂಸ್ಥೆ 2019ರ ಅಕ್ಟೋಬರ್‌ನಲ್ಲಿ ಇದರ 148 ಬಗೆಗಳಿಗೆ ಉಚಿತ ಬಿಡಿಸುವ ಸಾಧನ ಕೊಟ್ಟಿತು. ಅದಾದ ಮೇಲೆ ಬಂದ ಬಗೆಗಳಲ್ಲಿ ಸಾಮಾನ್ಯವಾಗಿ ಪ್ರತಿ ಬಲಿಗೂ ದಾಳಿಕೋರರ ಸರ್ವರ್‌ನಿಂದ ಬೇರೆ ಬೇರೆ ಕೀಲಿ ಬರುತ್ತದೆ, ಹಾಗೆ ಬಂದ ಕೀಲಿಗೆ ಮದ್ದಿಲ್ಲ.

ಲಾಕ್ ಆಗುವುದು ಪಿಸಿ ಮಾತ್ರ, ಸರ್ವರ್ ಬೇರೆ ಇದೆಯಲ್ಲ ಎಂದು ಸಮಾಧಾನಪಟ್ಟುಕೊಳ್ಳುವಂತಿಲ್ಲ. ಪಿಸಿ ತೆರೆದರೆ ‘ಝಡ್’ ಡ್ರೈವ್ ಎಂದು ಕಾಣುವುದು ಸರ್ವರ್‌ನ ಫೋಲ್ಡರ್‌ಗಳೇ. ಪಾಸ್‌ವರ್ಡ್ ಪದೇ ಪದೇ ಕೇಳದಿರಲಿ ಎಂದು ಉಳಿಸಿಟ್ಟಿರುತ್ತೇವೆ. ಪಿಸಿಯಲ್ಲಿ ಓಡುವ ಯಾವ ಪ್ರೋಗ್ರಾಮಿಗೂ ಸಿ ಡ್ರೈವ್ ಎಷ್ಟು ಹತ್ತಿರವೋ ಝಡ್ ಡ್ರೈವ್ ಅಷ್ಟೇ ಹತ್ತಿರ. ಆಲ್ಬಮ್ ವಿನ್ಯಾಸಕ್ಕೆಂದು ಸ್ಟುಡಿಯೋದ ಹುಡುಗ ಇಳಿಸಿಕೊಂಡ ಪ್ಲಗಿನ್ ಒಂದರ ಕ್ರ್ಯಾಕ್ ಸಾಕು, ಸರ್ವರ್‌ನಲ್ಲಿರುವ ಐದು ವರ್ಷದ ಮದುವೆಗಳು ಒಂದೇ ರಾತ್ರಿಯಲ್ಲಿ ಓದಲಾಗದ ಕಸವಾಗಲು.

“ರೌಟರ್ ಇದೆ, ಸರ್ವರನ್ನು ಹೊರಗಿನ ಇಂಟರ್‌ನೆಟ್‌ಗೆ ತೆರೆದಿಲ್ಲ” ಎಂಬುದು ಸ್ವಲ್ಪ ತಿಳಿದವರ ಉತ್ತರ. ತೆರೆಯದಿರುವುದು ಒಳ್ಳೆಯದೇ. ಹೊರಗಿನವರು ಒಳಗೆ ಬರದಂತೆ ರೌಟರ್ ತಡೆಯುತ್ತದೆ. ವಿಷವಿರುವ ಕ್ರ್ಯಾಕ್ ಒಳಗಿನಿಂದ ಹೊರಗೆ ಕರೆ ಮಾಡುತ್ತದೆ, ಆ ದಾರಿಯನ್ನು ಮನೆಯ ರೌಟರ್ ತಡೆಯುವುದಿಲ್ಲ. 2021ರಲ್ಲಿ ಸೋಫೋಸ್ ಕಂಪನಿಯ ತನಿಖಾ ತಂಡ ಬಹಿರಂಗಪಡಿಸಿದ ಒಂದು ಪ್ರಕರಣವನ್ನು ಇಲ್ಲಿ ಹೇಳಲೇಬೇಕು. ಯುರೋಪಿನ ಒಂದು ಜೀವವಿಜ್ಞಾನ ಸಂಶೋಧನಾ ಸಂಸ್ಥೆ, ಕೋವಿಡ್ ಸಂಶೋಧನೆಯಲ್ಲಿ ತೊಡಗಿತ್ತು. ಅದರೊಂದಿಗೆ ಕೆಲಸ ಮಾಡುತ್ತಿದ್ದ ವಿದ್ಯಾರ್ಥಿಯೊಬ್ಬರು ದತ್ತಾಂಶವನ್ನು ಚಿತ್ರವಾಗಿ ತೋರಿಸುವ ದುಬಾರಿ ಸಾಫ್ಟ್‌ವೇರ್ ಒಂದರ ಕ್ರ್ಯಾಕ್ ಹುಡುಕಿ ತಮ್ಮ ಸ್ವಂತ ಕಂಪ್ಯೂಟರಿಗೆ ಹಾಕಿಕೊಂಡರು. ಡಿಫೆಂಡರ್ ಅಡ್ಡಬಂತು, ಆಫ್ ಮಾಡಿದರು. ಫೈರ್‌ವಾಲನ್ನೂ ಆಫ್ ಮಾಡಿದರು. ಸಾಫ್ಟ್‌ವೇರ್ ಬದಲು ಬಂದದ್ದು ಪಾಸ್‌ವರ್ಡ್ ಕದಿಯುವ ಪ್ರೋಗ್ರಾಮ್. ಹದಿಮೂರು ದಿನದ ನಂತರ ಆ ವಿದ್ಯಾರ್ಥಿಯ ಹೆಸರಿನಲ್ಲೇ ಯಾರೋ ಸಂಸ್ಥೆಯ ಜಾಲಕ್ಕೆ ಲಾಗಿನ್ ಆದರು. ಅದಾಗಿ ಹತ್ತು ದಿನಕ್ಕೆ ರ್‍ಯುಕ್ ಎಂಬ ರಾನ್ಸಮ್‌ವೇರ್ ಸಿಡಿಯಿತು. ಬ್ಯಾಕಪ್ ಇತ್ತು, ಆದರೆ ಪೂರ್ತಿ ಹೊಸದಾಗಿರಲಿಲ್ಲ. ಒಂದು ವಾರದ ಸಂಶೋಧನೆ ಕಳೆದುಹೋಯಿತು, ಯಂತ್ರಗಳನ್ನೆಲ್ಲ ತಳದಿಂದ ಮರುಸ್ಥಾಪಿಸಬೇಕಾಯಿತು.

ಈ ಕಥೆಯಲ್ಲಿ ನನ್ನನ್ನು ಕಾಡುವುದು ಹದಿಮೂರು ದಿನದ ಮೌನ. ಆ ಹದಿಮೂರು ದಿನ ಯಾರಾದರೂ ಕೇಳಿದ್ದರೆ ವಿದ್ಯಾರ್ಥಿಯ ಉತ್ತರ “ಏನೂ ಆಗಿಲ್ಲ” ಎಂದೇ ಇರುತ್ತಿತ್ತು. ನಮ್ಮವರು ಹೇಳುವ “ಮೂರು ವರ್ಷದಿಂದ ಏನೂ ಆಗಿಲ್ಲ” ಎಂಬುದಕ್ಕೂ ಇಷ್ಟೇ ತೂಕ. ಪಾಸ್‌ವರ್ಡ್ ಕದ್ದಾಗ ಯಂತ್ರ ನಿಧಾನವಾಗುವುದಿಲ್ಲ, ಪರದೆ ಕಪ್ಪಾಗುವುದಿಲ್ಲ. ಕದ್ದ ಮಾಲು ಮಾರಾಟವಾಗಿ, ಕೊಂಡವರಿಗೆ ಬೇಕೆನಿಸಿದ ದಿನ ಅದು ಗೊತ್ತಾಗುತ್ತದೆ. 2023ರ ಏಪ್ರಿಲ್‌ನಲ್ಲಿ ಗೂಗಲ್ ಅಮೆರಿಕದ ನ್ಯಾಯಾಲಯದ ಮೊರೆ ಹೋದದ್ದು ಕ್ರಿಪ್ಟ್‌ಬಾಟ್ ಎಂಬ ಇಂಥದೇ ಕಳ್ಳ ಪ್ರೋಗ್ರಾಮಿನ ವಿತರಕರ ವಿರುದ್ಧ. ಒಂದು ವರ್ಷದಲ್ಲಿ ಸುಮಾರು 6,70,000 ಕಂಪ್ಯೂಟರ್‌ಗಳಿಗೆ ಅದು ಸೇರಿತ್ತೆಂದು ಗೂಗಲ್ ಅಂದಾಜು ಮಾಡಿತ್ತು. ತಿದ್ದಿದ ಸಾಫ್ಟ್‌ವೇರ್ ಪ್ರತಿಗಳೇ ಅದರ ವಾಹನ. ವಿಂಡೋಸ್ ಬೀಗ ಮುರಿಯಲು ನಮ್ಮಲ್ಲೂ ಜನಪ್ರಿಯವಾದ ಕೆಎಂಎಸ್‌ಪಿಕೊ ಹೆಸರಿನ ನಕಲಿಗಳ ಜೊತೆ ಅದು ಬರುತ್ತಿದ್ದುದನ್ನು 2021ರಲ್ಲೇ ಭದ್ರತಾ ಸಂಶೋಧಕರು ತೋರಿಸಿದ್ದರು.

ಇಷ್ಟು ಹೇಳಿದ್ದು ವಿಷದ ಮಾತು. ಕ್ರ್ಯಾಕ್‌ನಲ್ಲಿ ಒಂದು ಹನಿ ವಿಷವೂ ಇಲ್ಲವೆಂದೇ ಇಟ್ಟುಕೊಳ್ಳೋಣ. ನನ್ನ ಮುಖ್ಯ ತಕರಾರು ಆಗಲೂ ಹಾಗೇ ಉಳಿಯುತ್ತದೆ, ಏಕೆಂದರೆ ಅದು ಅಪ್‌ಡೇಟ್‌ಗೆ ಸಂಬಂಧಿಸಿದ್ದು.

ಸರ್ವರ್ ಎಂದರೆ ವರ್ಷಾನುಗಟ್ಟಲೆ ಹಗಲೂ ರಾತ್ರಿ ಓಡುವ ಯಂತ್ರ. ಅದರ ಸಾಫ್ಟ್‌ವೇರ್‌ನಲ್ಲಿ ತಿಂಗಳು ತಿಂಗಳು ಹೊಸ ಬಿರುಕುಗಳು ಕಾಣುತ್ತವೆ, ಅವನ್ನು ಮುಚ್ಚಲು ಅಪ್‌ಡೇಟ್ ಬರುತ್ತದೆ. ದುಡ್ಡು ಕೊಟ್ಟವರು ಕೊಂಡದ್ದು ಆ ಮೊದಲ ದಿನದ ಪ್ರತಿಯನ್ನಲ್ಲ, ಮುಂದಿನ ವರ್ಷಗಳ ಈ ದುರಸ್ತಿಯನ್ನು. ಕಳ್ಳ ಪ್ರತಿಯಲ್ಲಿ ಸಿಗುವುದು ಆ ಮೊದಲ ದಿನ ಮಾತ್ರ. ಹಲವು ಕ್ರ್ಯಾಕ್‌ಗಳು ಮೂಲ ಫೈಲನ್ನು ತಿದ್ದಿ ಕೂರಿಸಿರುತ್ತವೆ. ಅಪ್‌ಡೇಟ್ ಬಂದರೆ ಮೂಲ ಫೈಲ್ ವಾಪಸ್ ಬಂದು ಕ್ರ್ಯಾಕ್ ಬಿದ್ದುಹೋಗಬಹುದು. ಎಕ್ಸ್‌ಪಿನಾಲಜಿಯಲ್ಲಿ ದೊಡ್ಡ ಅಪ್‌ಡೇಟ್ ಹಾಕಿದ ಮೇಲೆ, ಡಿಎಸ್‌ಎಂ ಅನ್ನು ಹಳೆಯ ಪಿಸಿಯಲ್ಲಿ ಏಳಿಸುವ ಲೋಡರ್ ಹೊಂದದೆ ಯಂತ್ರ ಮತ್ತೆ ಏಳದಿರಬಹುದು. ಆ ಲೋಡರ್ ಬರೆದವರು ಪ್ರತಿಭಾವಂತರು, ತಮ್ಮ ಕೋಡನ್ನು ತೆರೆದಿಟ್ಟವರು, ಅದನ್ನು ಒಪ್ಪುತ್ತೇನೆ. ಆದರೂ ಅವರೇ ತಮ್ಮ ಬಳಗಕ್ಕೆ ಹೇಳುವ ಮೊದಲ ಬುದ್ಧಿಮಾತು, ಅಪ್‌ಡೇಟ್ ತಾನಾಗಿ ಆಗದಂತೆ ನಿಲ್ಲಿಸಿಡಿ ಎಂಬುದು. ಹೀಗಾಗಿ ಅಂಥ ಮನೆಗಳಲ್ಲಿ ಕಂಟ್ರೋಲ್ ಪ್ಯಾನೆಲ್‌ನ ಮೇಲೆ ಹೊಸ ಅಪ್‌ಡೇಟ್ ಬಂದಿದೆ ಎಂಬ ಕೆಂಪು ಗುರುತು ತಿಂಗಳುಗಟ್ಟಲೆ ಇರುತ್ತದೆ. ಅದನ್ನು ಒತ್ತಿದರೆ ಎಲ್ಲಿ ಎಲ್ಲವೂ ನಿಂತುಹೋಗುತ್ತದೋ ಎಂದು ಮನೆಯ ಯಜಮಾನ ಕೈ ಹಿಂದಕ್ಕೆ ತೆಗೆಯುತ್ತಾನೆ.

ದಾಳಿಕೋರರಿಗೂ ಬೇಕಿರುವುದು ಇದೇ. ಕ್ಯೂಸ್ನ್ಯಾಚ್ ಎಂಬ ಹಾವಳಿಯ ಬಗ್ಗೆ 2020ರ ಜುಲೈನಲ್ಲಿ ಅಮೆರಿಕ ಮತ್ತು ಬ್ರಿಟನ್ನಿನ ಸೈಬರ್ ಭದ್ರತಾ ಸಂಸ್ಥೆಗಳು ಜಂಟಿಯಾಗಿ ಎಚ್ಚರಿಕೆ ಹೊರಡಿಸಿದವು. ಆ ಹೊತ್ತಿಗೆ ಲೋಕದಾದ್ಯಂತ ಸುಮಾರು 62,000 ಕ್ಯೂನ್ಯಾಪ್ ಸರ್ವರ್‌ಗಳಿಗೆ ಅದು ತಗುಲಿತ್ತು. ಒಳಗೆ ಹೋದ ಮೇಲೆ ಅದು ಮಾಡುತ್ತಿದ್ದ ಕೆಲಸಗಳಲ್ಲಿ ಒಂದು, ಅಪ್‌ಡೇಟ್ ತರುವ ವಿಳಾಸಗಳನ್ನೇ ತಿರುಚಿ ಯಂತ್ರಕ್ಕೆ ಮುಂದೆಂದೂ ದುರಸ್ತಿ ಸಿಗದಂತೆ ಮಾಡುವುದು. ದಾಳಿಕೋರರು ಇಷ್ಟು ಕಷ್ಟಪಟ್ಟು ಸಾಧಿಸುವುದನ್ನು ಕಳ್ಳ ಪ್ರತಿ ಬಳಸುವವರು ತಾವಾಗಿಯೇ ಮಾಡಿಟ್ಟಿರುತ್ತಾರೆ.

ವಿಂಡೋಸ್ ವಿಷಯದಲ್ಲಿ ಈ ಭಯಕ್ಕೆ ಹಳೆಯ ಇತಿಹಾಸವಿದೆ. 2008ರಲ್ಲಿ ಮೈಕ್ರೋಸಾಫ್ಟ್ ಕಳ್ಳ ಪ್ರತಿಗಳ ಪರದೆಯನ್ನು ಕಪ್ಪು ಮಾಡಲು ಶುರುಮಾಡಿದಾಗ ಅಂಗಡಿಗಳಲ್ಲಿ ಒಂದು ಸಲಹೆ ಬೇರೂರಿತು: “ಅಪ್‌ಡೇಟ್ ಆಫ್ ಮಾಡಿಬಿಡಿ, ತಂಟೆಯೇ ಇರಲ್ಲ.” ಪರದೆಯ ಬಣ್ಣದ ತಂಟೆ ತಪ್ಪಿತು. 2017ರ ಮಾರ್ಚ್ 14ರಂದು ವಿಂಡೋಸ್‌ನ ಫೈಲ್ ಹಂಚುವ ಎಸ್‌ಎಂಬಿ ವ್ಯವಸ್ಥೆಯ ಒಂದು ದೊಡ್ಡ ಬಿರುಕಿಗೆ ಮೈಕ್ರೋಸಾಫ್ಟ್ ತೇಪೆ ಬಿಡುಗಡೆ ಮಾಡಿತು. ಮೇ 12ರಂದು ವಾನಾಕ್ರೈ ಎಂಬ ರಾನ್ಸಮ್‌ವೇರ್ ಅದೇ ಬಿರುಕಿನ ಮೂಲಕ ಲೋಕವೆಲ್ಲ ಹರಡಿತು. ನಡುವೆ ಎರಡು ತಿಂಗಳಿಗೆ ಎರಡು ದಿನ ಕಡಿಮೆಯಷ್ಟು ಸಮಯವಿತ್ತು. ಅಪ್‌ಡೇಟ್ ತೆರೆದಿಟ್ಟವರು ಉಳಿದರು. ಆಗ ನಮ್ಮ ದೇಶದ ಸ್ಥಿತಿ ಹೇಗಿತ್ತೆಂದರೆ, ಬಿಎಸ್‌ಎ ಎಂಬ ಸಾಫ್ಟ್‌ವೇರ್ ಉದ್ಯಮದ ಒಕ್ಕೂಟ 2017ಕ್ಕೆ ಕೊಟ್ಟ ಅಂದಾಜಿನಂತೆ ಭಾರತದಲ್ಲಿ ಕಂಪ್ಯೂಟರಿಗೆ ಹಾಕಿದ ಸಾಫ್ಟ್‌ವೇರ್‌ನಲ್ಲಿ ಶೇಕಡ 56ರಷ್ಟು ಲೈಸೆನ್ಸ್ ಇಲ್ಲದ್ದು. ಅದು ಉದ್ಯಮದವರದೇ ಲೆಕ್ಕ, ಸ್ವಲ್ಪ ಹೆಚ್ಚೇ ಇರಬಹುದೆಂದುಕೊಂಡರೂ ಸಣ್ಣದಲ್ಲ. ಮನೆಯ ಸರ್ವರ್ ತನ್ನ ಫೋಲ್ಡರ್‌ಗಳನ್ನು ಪಿಸಿಗಳಿಗೆ ಹಂಚುವುದೂ ಇದೇ ಎಸ್‌ಎಂಬಿಯಿಂದ ಎಂಬುದನ್ನು ಮರೆಯಬೇಡಿ.

ಈಗ ಎದುರಾಳಿಯ ಅತಿ ಬಲವಾದ ಪ್ರಶ್ನೆ. “ನೀವು ಹೇಳಿದ ಕ್ಯೂನ್ಯಾಪ್‌ನವರೆಲ್ಲ ದುಡ್ಡು ಕೊಟ್ಟು ಕೊಂಡವರೇ. ಅವರಿಗೂ ಪೆಟ್ಟು ಬಿತ್ತಲ್ಲ?” ಬಿತ್ತು. ಲೈಸೆನ್ಸ್ ಎಂಬುದು ರಕ್ಷಾಕವಚ ಎಂದು ಹೇಳುವ ಕಂಪನಿಗಳ ಜಾಹೀರಾತನ್ನು ನಾನು ನಂಬುವುದಿಲ್ಲ. 2021ರ ಜೂನ್‌ನಲ್ಲಿ ವೆಸ್ಟರ್ನ್ ಡಿಜಿಟಲ್‌ನ ಮೈ ಬುಕ್ ಲೈವ್ ಎಂಬ ಪೆಟ್ಟಿಗೆಗಳು ಲೋಕದ ನಾನಾ ಕಡೆ ಒಮ್ಮೆಗೇ ಬರಿದಾದವು. ಜನ ಬೆಳಗ್ಗೆ ಎದ್ದು ನೋಡಿದರೆ ವರ್ಷಗಳ ದತ್ತಾಂಶ ಅಳಿಸಿಹೋಗಿತ್ತು. ಎಲ್ಲವೂ ದುಡ್ಡು ಕೊಟ್ಟು ತಂದವೇ. ಆ ಪೆಟ್ಟಿಗೆಗೆ ಕಂಪನಿ ಕೊನೆಯ ಬಾರಿ ಅಪ್‌ಡೇಟ್ ಕೊಟ್ಟದ್ದು 2015ರಲ್ಲಿ. ದುರಸ್ತಿ ನಿಂತ ಸಾಫ್ಟ್‌ವೇರ್ ಜಾಲಕ್ಕೆ ಅಂಟಿಕೊಂಡು ಕೂತರೆ ಏನಾಗುತ್ತದೆ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ಉದಾಹರಣೆ ಬೇಡ, ಮತ್ತು ಕಳ್ಳ ಪ್ರತಿ ಹಾಕಿದ ಸರ್ವರ್ ಮೊದಲ ದಿನದಿಂದಲೇ ಅದೇ ಸ್ಥಿತಿಯಲ್ಲಿರುತ್ತದೆ. ಸಿನಾಲಜಿಯ ಪೆಟ್ಟಿಗೆಗಳನ್ನು 2014ರ ಆಗಸ್ಟ್‌ನಲ್ಲಿ ಸಿನೋಲಾಕರ್ ಎಂಬ ರಾನ್ಸಮ್‌ವೇರ್ ಹಿಡಿದಾಗ ಅದು ನುಗ್ಗಿದ ಬಿರುಕಿಗೆ ತೇಪೆ ಬಂದು ಎಂಟು ತಿಂಗಳಾಗಿತ್ತು. ಹಾಕಿಕೊಂಡವರು ಬಚಾವಾದರು. ಡೆಡ್‌ಬೋಲ್ಟ್ ಸಮಯದಲ್ಲಿ ಕ್ಯೂನ್ಯಾಪ್ ಗ್ರಾಹಕರ ಯಂತ್ರಗಳಿಗೆ ತಾನೇ ಒತ್ತಾಯದಿಂದ ಅಪ್‌ಡೇಟ್ ಕಳಿಸಿತು. ಮೈ ಬುಕ್ ಲೈವ್ ಕಳೆದುಕೊಂಡವರಿಗೆ ದತ್ತಾಂಶ ಮರಳಿ ತೆಗೆಸಿಕೊಡುವ ಸೇವೆಯನ್ನು ಕಂಪನಿ ಕೊನೆಗೆ ಒದಗಿಸಬೇಕಾಯಿತು. ತಪ್ಪು ಮಾಡಿದವರನ್ನು ಕತ್ತಿನಪಟ್ಟಿ ಹಿಡಿದು ಕೇಳುವ ಹಕ್ಕು ಗ್ರಾಹಕರಿಗಿತ್ತು. ಕಳ್ಳ ಪ್ರತಿಯವರು ಯಾರ ಬಾಗಿಲಿಗೆ ಹೋಗಬೇಕು? ಸೈಬರ್ ಠಾಣೆಗೆ ಹೋದರೂ ಮೊದಲ ಪ್ರಶ್ನೆಗೇ ತಲೆ ತಗ್ಗಿಸಬೇಕಾಗುತ್ತದೆ. ನಮ್ಮ 1957ರ ಹಕ್ಕುಸ್ವಾಮ್ಯ ಕಾಯ್ದೆಯ 63ಬಿ ಕಲಮಿನಡಿ ಕಳ್ಳ ಪ್ರತಿ ಎಂದು ತಿಳಿದೂ ಬಳಸುವುದು ಅಪರಾಧ. ಲಾಭಕ್ಕಲ್ಲದ ಬಳಕೆಗೆ ಜೈಲು ಬಿಟ್ಟು 50,000 ರೂಪಾಯಿವರೆಗಿನ ದಂಡ ಮಾತ್ರ ಹಾಕಲು ನ್ಯಾಯಾಲಯಕ್ಕೆ ಅವಕಾಶವಿದೆ. ಸ್ಟುಡಿಯೋ ನಡೆಸುವವರಿಗೆ ಆ ರಿಯಾಯಿತಿಯೂ ಇಲ್ಲ.

ಹಣದ ಮಾತಿಗೆ ಬರೋಣ. ಅಮೆರಿಕದ ಸಂಬಳಕ್ಕೆ ಇಟ್ಟ ಬೆಲೆಯನ್ನು ಚನ್ನರಾಯಪಟ್ಟಣದ ಮೇಷ್ಟರಿಂದಲೂ ವಸೂಲಿ ಮಾಡುವುದು ಅನ್ಯಾಯ ಎಂಬ ಸಿಟ್ಟು ನನಗೂ ಇದೆ. ವಿಂಡೋಸ್ ಸರ್ವರ್‌ನ ಬೆಲೆ ಮನೆಯೊಂದಕ್ಕೆ ಹೊರೆಯೇ. ಆದರೆ ಆ ಸಿಟ್ಟನ್ನು ಹಿಡಿದು ಹೋಗಬೇಕಾದ ದಾರಿ ಕ್ರ್ಯಾಕ್ ಅಲ್ಲವೇ ಅಲ್ಲ, ಏಕೆಂದರೆ ಮನೆ ಸರ್ವರ್‌ನ ಕ್ಷೇತ್ರದಲ್ಲಿ ಅತ್ಯುತ್ತಮ ಸಾಫ್ಟ್‌ವೇರ್ ಉಚಿತವಾಗಿಯೇ ಸಿಗುತ್ತದೆ. 2005ರಲ್ಲಿ ಫ್ರೀನ್ಯಾಸ್ ಆಗಿ ಹುಟ್ಟಿ ಇಂದು ಟ್ರೂನ್ಯಾಸ್ ಆಗಿರುವುದನ್ನು ಮನೆಯಲ್ಲಿ ಬಳಸಲು ಒಂದು ಪೈಸೆ ಕೊಡಬೇಕಿಲ್ಲ. ಅದರ ಒಳಗಿರುವ ಝಡ್‌ಎಫ್‌ಎಸ್ ಎಂಬ ಫೈಲ್ ವ್ಯವಸ್ಥೆ, ಸನ್ ಮೈಕ್ರೋಸಿಸ್ಟಮ್ಸ್ ದೊಡ್ಡ ಸಂಸ್ಥೆಗಳ ದತ್ತಾಂಶಕ್ಕೆಂದು ಕಟ್ಟಿದ್ದು. ಡಿಸ್ಕಿನಲ್ಲಿ ಒಂದು ಬಿಟ್ ಸದ್ದಿಲ್ಲದೆ ಕೆಟ್ಟರೂ ಪತ್ತೆಹಚ್ಚಿ, ಎರಡನೇ ಪ್ರತಿಯಿದ್ದರೆ ತಾನೇ ಸರಿಪಡಿಸುತ್ತದೆ. ಹೊಂದಿಸಿಟ್ಟರೆ ಫೋಲ್ಡರ್‌ಗಳ ಆಯಾ ಹೊತ್ತಿನ ಸ್ಥಿತಿಯ ಸ್ನ್ಯಾಪ್‌ಶಾಟ್ ತೆಗೆದಿಡುತ್ತದೆ, ಪಿಸಿಯಿಂದ ಬಂದ ರಾನ್ಸಮ್‌ವೇರ್ ಫೈಲ್ ಕೆಡಿಸಿದರೂ ನಿನ್ನೆಯ ಸ್ಥಿತಿಗೆ ಮರಳಬಹುದು. ಹಳೆಯ, ಕಡಿಮೆ ಶಕ್ತಿಯ ಪಿಸಿ ಇದ್ದರೆ ಡೆಬಿಯನ್ ಮೇಲೆ ನಿಂತ ಓಪನ್‌ಮೀಡಿಯಾವಾಲ್ಟ್ ಇದೆ. ಸಿನಿಮಾ, ಹಾಡು, ಯಕ್ಷಗಾನದ ವಿಡಿಯೋ ಟಿವಿಗೆ ಹರಿಸಲು ಜೆಲ್ಲಿಫಿನ್ ಇದೆ, ಎಂಬಿ ಎಂಬ ಸಾಫ್ಟ್‌ವೇರ್ ತನ್ನ ಕೋಡ್ ಮುಚ್ಚಿಕೊಂಡಾಗ 2018ರಲ್ಲಿ ಅದರಿಂದ ಕವಲೊಡೆದು ಬಂದದ್ದು. ಟ್ರೂನ್ಯಾಸ್, ಓಪನ್‌ಮೀಡಿಯಾವಾಲ್ಟ್‌ಗಳಲ್ಲಿ ಎಸ್‌ಎಂಬಿ ಮೂಲಕ ಫೋಲ್ಡರ್ ಹಂಚುವ ಸಾಂಬಾವನ್ನು ಆಸ್ಟ್ರೇಲಿಯಾದ ಆಂಡ್ರ್ಯೂ ಟ್ರಿಡ್ಜೆಲ್ 1992ರಲ್ಲಿ ಶುರುಮಾಡಿ ಲೋಕಕ್ಕೆ ಕೊಟ್ಟರು. ಅನ್‌ರೇಡೇ ಬೇಕೆನ್ನುವವರಿಗೂ 2024ರ ಬೆಲೆ ಪರಿಷ್ಕರಣೆಯ ಪ್ರಕಾರ ಆರಂಭಿಕ ಲೈಸೆನ್ಸ್ 49 ಡಾಲರ್ ಆಗಿತ್ತು. ಅದರಲ್ಲಿ ಓಡಿಸುವ ಒಂದು ಡಿಸ್ಕಿಗೇ ಇದಕ್ಕಿಂತ ಹೆಚ್ಚು ಕೊಟ್ಟಿರುತ್ತೇವೆ.

“ಅದೆಲ್ಲ ಕಷ್ಟ, ಕಲಿಯಬೇಕು” ಎನ್ನುತ್ತಾರೆ. ಕಲಿಯಬೇಕು, ನಿಜ. ಕ್ರ್ಯಾಕ್‌ನ ಲೋಡರ್ ಹೊಂದಿಸಲು ರಾತ್ರಿಯೆಲ್ಲ ಕೂರುವ ಉತ್ಸಾಹಿಗಳು ಅದರ ಅರ್ಧ ಶ್ರಮದಲ್ಲಿ ಟ್ರೂನ್ಯಾಸ್ ಕಲಿತಾರು. ಕಳ್ಳ ಪ್ರತಿಯ ಇನ್ನೊಂದು ಹಾನಿ ಇಲ್ಲಿದೆ, ಅದರ ಬಗ್ಗೆ ಯಾರೂ ಮಾತಾಡುವುದಿಲ್ಲ. ದುಬಾರಿ ಸರಕು ಪುಕ್ಕಟೆ ಸಿಕ್ಕಿದರೆ ಮುಕ್ತ ಸಾಫ್ಟ್‌ವೇರ್ ಕಡೆ ತಿರುಗಿ ನೋಡುವ ಅಗತ್ಯವೇ ಬೀಳುವುದಿಲ್ಲ. ಪಕ್ಕದ ಕೇರಳ ತನ್ನ ಸರ್ಕಾರಿ ಶಾಲೆಗಳ ಕಂಪ್ಯೂಟರ್ ಕಲಿಕೆಯನ್ನೇ ಮುಕ್ತ ಸಾಫ್ಟ್‌ವೇರ್‌ನ ಮೇಲೆ ನಿಲ್ಲಿಸಿತು. ನಾವು ಐಟಿ ರಾಜಧಾನಿ ಎನಿಸಿಕೊಂಡೂ ಪೆನ್‌ಡ್ರೈವ್‌ನಲ್ಲಿ ಕ್ರ್ಯಾಕ್ ಇಟ್ಟುಕೊಂಡು ಓಡಾಡುವ ಹುಡುಗರನ್ನು ತಯಾರು ಮಾಡಿದೆವು. ಆ ಹುಡುಗರಿಗೆ ಝಡ್‌ಎಫ್‌ಎಸ್ ಕಲಿಸಿದ್ದರೆ ಅದು ಅವರಿಗೆ ಅನ್ನ ಕೊಡುವ ವಿದ್ಯೆಯಾಗುತ್ತಿತ್ತು. ಇದನ್ನು ನೆನೆದಾಗ ನನಗೆ ನಿಜಕ್ಕೂ ಸಂಕಟವಾಗುತ್ತದೆ.

“ರೇಡ್ ಇದೆ, ಒಂದು ಡಿಸ್ಕ್ ಹೋದರೆ ಇನ್ನೊಂದಿದೆ” ಎಂಬ ಕೊನೆಯ ಆಸರೆಯನ್ನೂ ಬಿಡಬೇಕಾಗುತ್ತದೆ. ರೇಡ್ ಕಾಯುವುದು ಡಿಸ್ಕ್ ಸತ್ತಾಗ ಮಾತ್ರ. ಫೈಲ್ ಲಾಕ್ ಆದರೆ ಎರಡೂ ಡಿಸ್ಕಿನಲ್ಲಿ ಅದೇ ಕ್ಷಣ ಲಾಕ್ ಆಗುತ್ತದೆ.

ಈಗಾಗಲೇ ಮನೆಯಲ್ಲಿ ಅಂಥ ಸರ್ವರ್ ಓಡುತ್ತಿದ್ದರೆ ಇವತ್ತೇ ಮಾಡಬೇಕಾದ್ದು ಇಷ್ಟು. ಸರ್ವರ್‌ನ ಇಂಟರ್‌ನೆಟ್ ತಂತಿ ಕೀಳಿ. ಹೊಸ ಹಾರ್ಡ್ ಡಿಸ್ಕ್ ಒಂದು ತಂದು ಫೋಟೋ, ಕಾಗದಪತ್ರ, ಧ್ವನಿ, ವಿಡಿಯೋ ಮಾತ್ರ ನಕಲು ಮಾಡಿಕೊಳ್ಳಿ. ಪ್ರೋಗ್ರಾಮ್‌ಗಳನ್ನು, ‘ಸೆಟಪ್’ ಫೋಲ್ಡರನ್ನು ಮುಟ್ಟಬೇಡಿ. ನಾಲ್ಕಾರು ಫೈಲ್ ಬೇರೆ ಯಂತ್ರದಲ್ಲಿ ತೆರೆದು ನೋಡಿ, ಆ ಡಿಸ್ಕನ್ನು ಕಿತ್ತು ಬೀರುವಿನಲ್ಲಿಡಿ. ಆಮೇಲೆ ಸರ್ವರನ್ನು ಪೂರ್ತಿ ಅಳಿಸಿ ಹೊಸದಾಗಿ ಹಾಕಿ. ಅದೇ ಮನೆಯ ಪಿಸಿಗಳಲ್ಲಿರುವ ಕ್ರ್ಯಾಕ್‌ಗಳನ್ನು ಉಳಿಸಿಕೊಂಡರೆ ಇಷ್ಟೂ ಶ್ರಮ ವ್ಯರ್ಥ, ಅವೂ ಹೋಗಬೇಕು. ಜಿಮೇಲ್, ಬ್ಯಾಂಕ್, ಸರ್ವರ್‌ನ ಪಾಸ್‌ವರ್ಡ್‌ಗಳನ್ನು ಶುದ್ಧವಾದ ಫೋನಿನಿಂದ ಬದಲಾಯಿಸಿ, ಹಳೆಯ ಯಂತ್ರದಿಂದಂತೂ ಬೇಡ.

ಅಂಗಡಿಯವರಿಗೆ ಒಂದು ಬೇಡಿಕೆ ಇಡುತ್ತೇನೆ, ಗ್ರಾಹಕರು ಹಟ ಹಿಡಿದು ಕೇಳಬೇಕಾದ ಬೇಡಿಕೆಯೂ ಅದೇ. ಬಿಲ್ಲಿನಲ್ಲಿ ಡಿಸ್ಕಿನ ಹೆಸರು, ರ್‍ಯಾಮ್‌ನ ಗಾತ್ರ ಬರೆಯುವಂತೆ, ಹಾಕಿಕೊಟ್ಟ ಸಾಫ್ಟ್‌ವೇರ್ ಯಾವುದು, ಅದರ ಆವೃತ್ತಿ ಯಾವುದು, ಲೈಸೆನ್ಸ್ ಯಾರ ಹೆಸರಿನಲ್ಲಿದೆ ಅಥವಾ ಅದು ಮುಕ್ತ ಸಾಫ್ಟ್‌ವೇರೇ ಎಂಬುದನ್ನು ಒಂದು ಸಾಲಿನಲ್ಲಿ ಬರೆದು ಸಹಿ ಹಾಕಿ ಕೊಡಿ. ಪೆಟ್ಟಿಗೆ ಕೊಡುವ ಮುನ್ನ ಗ್ರಾಹಕರ ಎದುರೇ ಅಪ್‌ಡೇಟ್ ಬಟನ್ ಒತ್ತಿ ತೋರಿಸಿ, ಯಂತ್ರ ಮತ್ತೆ ಏಳುವವರೆಗೆ ಕಾದು ನಿಲ್ಲಿ. ಅಂಗಡಿಯವರು ಆ ಸಾಲು ಬರೆಯಲು ಹಿಂಜರಿದರೆ, ಆ ಬಟನ್ ಒತ್ತಲು ಅವರ ಕೈ ನಡುಗಿದರೆ, ಗ್ರಾಹಕರೇ, ಡಿಸ್ಕ್ ಮಾತ್ರ ತೆಗೆದುಕೊಂಡು ಪೆಟ್ಟಿಗೆಯನ್ನು ಅಲ್ಲೇ ಬಿಟ್ಟು ಬನ್ನಿ.